ನಡುಮನೆಯಲ್ಲಿ ಸಿಕ್ಕು ಪ್ರದರ್ಶನ

ಕೊಳ್ಳೇಗಾಲದ ಲೈಬ್ರರಿಗೆ ಆ ಪುಸ್ತಕ ಹೇಗೆ ಬಂತೋ ಯಾರಿಗೂ ಗೊತ್ತಿರಲಿಲ್ಲ. ಎಪ್ಪತ್ತರ ದಶಕದ ಮೊದಲ ವರ್ಷಗಳು. ಯಾವುದೋ ದೇಶದವರು ದಾನವಾಗಿ ಕಳಿಸಿದ ಕಟ್ಟಿನೊಳಗೆ ಸೇರಿಕೊಂಡು ಬಂದಿರಬೇಕು. ರಟ್ಟಿನ ಮೇಲೆ, ಮುಖಕ್ಕೆಲ್ಲ ಬಿಳಿ ಬಳಿದುಕೊಂಡ ಗಂಡಸೊಬ್ಬ ಕೋಟು ಟೈ ಸಮೇತ ನೀರಿನ ತೊಟ್ಟಿಯಲ್ಲಿ ಕೂತಿದ್ದ. ಲೈಬ್ರರಿ ನೋಡಿಕೊಳ್ಳುತ್ತಿದ್ದವರು ಅದನ್ನು ಮೊದಲು ವೈದ್ಯಕೀಯದ ಕಪಾಟಿನಲ್ಲಿಟ್ಟರು, ಆಮೇಲೆ ಪತ್ತೇದಾರಿ ಕಾದಂಬರಿಗಳ ಪಕ್ಕಕ್ಕೆ ಸೇರಿಸಿದರು. ಕೊನೆಗೆ ಬೇಸತ್ತು, ತಮ್ಮ ಮೇಜಿನ ಕಾಗದಗಳು ಫ್ಯಾನಿನ ಗಾಳಿಗೆ ಹಾರದಂತೆ ಅವುಗಳ ಮೇಲೆ ಹೇರಿದ್ದರು. ನಾನು ಆ ಪುಸ್ತಕ ಬೇಕೆಂದಾಗ ಅವರ ಮುಖ ಅರಳಿ, ತಕ್ಷಣವೇ ಬಾಡಿತು.

"ತಕಂಡೋಗವ್ವ, ಬ್ಯಾಡ ಅನ್ನಕಿಲ್ಲ. ಆದ್ರೆ ಬ್ಯಾಗ ತಂದ್ಕೊಡು. ಇಲ್ಲಾಂದ್ರೆ ನಾನೊಂದ್ ಇಟ್ಟಿಗೆ ಉಡುಕ್ಬೇಕಾಯ್ತದೆ" ಅಂದರು.

ನಾನು ನಿಘಂಟು ಮಡಿಲಲ್ಲಿಟ್ಟುಕೊಂಡು ಓದಿದೆ. ಅರ್ಥವಾಗಿದ್ದು ಸ್ವಲ್ಪ, ರೋಮಾಂಚನವಾಗಿದ್ದು ಪೂರ್ತಿ. ಚಿತ್ರ ಬರೆದು ಗೋಡೆಗೆ ನೇತುಹಾಕುವುದಷ್ಟೇ ಕಲೆ ಅಲ್ಲವಂತೆ. ಒಂದು ಕೋಣೆಯನ್ನೇ ಕಲೆ ಮಾಡಬಹುದಂತೆ. ಅದರಲ್ಲಿ ಬೆಳಕು, ಶಬ್ದ ಎಲ್ಲ ಇರಬೇಕಂತೆ. ನೋಡಲು ಬಂದವರು ಕೈ ಕಟ್ಟಿ ನಿಲ್ಲದೆ ತಾವೂ ಕೈ ಹಾಕಬೇಕಂತೆ. ಕಲಾವಿದೆ ಆದವಳು ಮಧ್ಯದಲ್ಲಿ ಕೂತು, ಯಾರು ಏನು ಮಾಡಿದರೂ ತುಟಿ ಬಿಚ್ಚಬಾರದಂತೆ. ಬೀದಿಯಲ್ಲೆಲ್ಲ ಬಾಯಾಳಿ ಅನ್ನಿಸಿಕೊಂಡಿದ್ದ ನನಗೆ ಕಷ್ಟವೆನಿಸಿದ್ದು ಇದೊಂದೇ.

ಮೈಸೂರಿಗೆ ಹೋಗಿ ಚಿತ್ರಕಲೆ ಕಲಿಯಬೇಕೆಂಬ ಹಟ ನನಗೆ. ಹನೂರಿನಲ್ಲಿ ಬಟ್ಟೆ ಅಂಗಡಿ ಇಟ್ಟಿರುವ ಹುಡುಗನಿಗೆ ನನ್ನನ್ನು ಕೊಡಬೇಕೆಂಬ ಹಟ ಅವ್ವನಿಗೆ. ತೀರ್ಮಾನ ಅಪ್ಪನ ಕೈಯಲ್ಲಿತ್ತು. ಅಪ್ಪ ರೇಷ್ಮೆ ಸೀರೆ ನೇಯುತ್ತಿದ್ದರು. ಮಾತು ಅವರಿಗೆ ಜರಿಗಿಂತ ದುಬಾರಿ. ನಗುವಂತೂ ಅವರ ಮುಖದಲ್ಲಿ ನಾನು ಕಂಡೇ ಇರಲಿಲ್ಲ.

"ಮೈಸೂರಲ್ಲಿ ಏನ್ ಕಲಿಸ್ತಾರೆ?" ಎಂದು ಕೇಳಿದರು. ನಾನು ಬುದ್ಧಿ ಇಲ್ಲದವಳಂತೆ ಆ ಪುಸ್ತಕವನ್ನೇ ಅವರ ಮುಂದೆ ಹಿಡಿದೆ. ಅಪ್ಪ ತೊಟ್ಟಿಯಲ್ಲಿ ಕೂತವನನ್ನು ಬಹಳ ಹೊತ್ತು ನೋಡಿದರು.

"ಇವುನ್ಗೆ ಸೀತ ಆಗಿಲ್ವಾ?" ಅಂದರು. ಆಮೇಲೆ, "ಇಂಗಿದ್ದುನ್ನ ನೀನೂ ಒಂದ್ ಮಾಡಿ ತೋರ್ಸು. ನಮ್ ಬೀದಿಯೋರು ಬಂದು ನೋಡ್ಲಿ. ಯಾರೂ ನಗ್ಬಾರ್ದು. ನಗ್ದೇ ಇದ್ರೆ ಮೈಸೂರು. ನಕ್ಕುದ್ರೆ ಅನೂರು" ಎಂದು ಮಗ್ಗದ ಗುಣಿಗೆ ಇಳಿದರು.

ಮನೆಯಲ್ಲಿ ಪುಗಸಟ್ಟೆ ಸಿಗುವುದೆಂದರೆ ನೂಲು ಒಂದೇ. ಮಗ್ಗದ ಕೆಳಗೆ ಬಿದ್ದ ತುಂಡು, ಬಣ್ಣ ಸರಿಹೋಗದೆ ಬಿಟ್ಟದ್ದು, ಅಕ್ಕಪಕ್ಕದವರು ಎತ್ತಿಟ್ಟದ್ದು, ಎಲ್ಲ ಕೂಡಿಹಾಕಿ ಉದ್ದಕ್ಕೆ ಗಂಟು ಹಾಕಿದೆ. ನಡುಮನೆಯ ಕಂಬದಿಂದ ಕಿಟಕಿಗೆ, ಕಿಟಕಿಯಿಂದ ಗೂಟಕ್ಕೆ, ಗೂಟದಿಂದ ತೊಲೆಗೆ ಎಳೆದೆಳೆದು ಕಟ್ಟಿದೆ. ಎಲ್ಲೂ ಶಿಸ್ತು ಕಾಣಬಾರದೆಂದು ಬೇಕೆಂದೇ ಸುತ್ತಿ, ಹೊಸೆದು, ಸಿಕ್ಕು ಮಾಡಿದೆ. ಮೂಲೆಯಲ್ಲಿ ರೇಡಿಯೋ ಇಟ್ಟು, ಯಾವ ಸ್ಟೇಷನ್ನೂ ಹಿಡಿಯದ ಹಾಗೆ ಮುಳ್ಳು ತಿರುಗಿಸಿ ಬರೀ ಗೊರಗೊರ ಬರುವಂತೆ ಮಾಡಿದೆ. ಟಾರ್ಚಿಗೆ ಕೆಂಪು ಬಣ್ಣದ ಕಾಗದ ಕಟ್ಟಿದೆ. ಮುಖಕ್ಕೆ ಪೌಡರನ್ನು ನೀರಲ್ಲಿ ಕಲೆಸಿ ಮೆತ್ತಿಕೊಂಡು, ನಟ್ಟನಡುವೆ ಮಣೆ ಹಾಕಿ ಕೂತೆ. ಹಿಂದಿನ ಕೋಣೆಯಲ್ಲಿ ಅಪ್ಪನ ಮಗ್ಗ ಟಕಟಕ ಎನ್ನುತ್ತಿತ್ತು.

ಮೊದಲು ಬಂದವರು ಪಕ್ಕದ ಮನೆಯ ಅಜ್ಜಿ. ಬಾಗಿಲಲ್ಲಿ ಅವರ ದನಿ ಕೇಳಿದ್ದೇ ಮಗ್ಗ ನಿಂತಿತು. ಅಪ್ಪ ನಗು ಕೇಳಿಸೀತೇ ಎಂದು ಕಿವಿಗೊಟ್ಟಿದ್ದಾರೆಂದು ನನಗೆ ಗೊತ್ತಾಯಿತು.

ಅಜ್ಜಿ ನಗಲಿಲ್ಲ. "ಯಾಕವ್ವ, ಮಗೀಗೆ ಅಮ್ಮ ಎದ್ದದಾ?" ಎಂದು ನನ್ನ ಬಿಳಿ ಮುಖ ನೋಡಿ ಅವ್ವನನ್ನು ಕೇಳಿದರು. ಸಿಡುಬಲ್ಲ, ಕಲೆ ಎಂದು ಅವ್ವ ಹಣೆ ಚಚ್ಚಿಕೊಂಡಳು. ಅಷ್ಟರಲ್ಲಿ ಅಜ್ಜಿಯ ಕಣ್ಣು ನೂಲಿನ ಮೇಲೆ ಬಿತ್ತು. "ಅಯ್ಯೋ ಅಯ್ಯೋ, ಯಾವ್ ಪಾಪಿ ಇಂಗ್ ಸಿಕ್ ಮಾಡ್ದೋನು?" ಎಂದವರೇ ಕುಕ್ಕರಗಾಲಲ್ಲಿ ಕೂತು, ಎಳೆಯ ತುದಿ ಹುಡುಕತೊಡಗಿದರು.

ನಮ್ಮ ಬೀದಿಯಲ್ಲಿ ಸಿಕ್ಕು ಕಂಡವರು ದಾಟಿಹೋಗುವ ಹಾಗಿಲ್ಲ. ಯಾರ ಮನೆಯದೇ ಆಗಲಿ, ಉಣ್ಣಲು ಹೊರಟವರೂ ಕೂತು ಬಿಡಿಸಿಯೇ ಏಳುತ್ತಾರೆ. ಕತ್ತರಿ ಹಾಕುವ ಮಾತಂತೂ ಇಲ್ಲವೇ ಇಲ್ಲ. ಹುಟ್ಟಿದಾಗಿನಿಂದ ನೋಡಿದ್ದ ಈ ಪದ್ಧತಿ, ದೂರದ ದೇಶದ ಪುಸ್ತಕ ಹಿಡಿದಿದ್ದ ನನ್ನ ತಲೆಗೆ ಹೊಳೆದೇ ಇರಲಿಲ್ಲ. ಬಂದವರೆಲ್ಲ ಬಾಗಿಲಲ್ಲೇ ಲೊಚಗುಟ್ಟಿ, ಸೆರಗು ಸಿಕ್ಕಿಸಿ, ಕೂತರು. ಒಬ್ಬರು ರಾಟೆ ತಂದರು, ಇನ್ನೊಬ್ಬರು ನೂಲು ಸುತ್ತಿ ಲಾಳಿಗೆ ಹಾಕುವ ಖಾಲಿ ಕಂಡಿಕೆಗಳನ್ನು ಬುಟ್ಟಿ ತುಂಬ ತಂದರು. ಯಾರೋ ಪುಣ್ಯಾತ್ಮರು ರೇಡಿಯೋದ ಮುಳ್ಳು ಸರಿಮಾಡಿ ರೈತರ ಕಾರ್ಯಕ್ರಮ ಹಾಕಿದರು. ಟಾರ್ಚಿನ ಕೆಂಪು ಕಾಗದ ಕಿತ್ತು, ಬೆಳಕನ್ನು ಗಂಟಿನ ಮೇಲೆ ಬಿಟ್ಟುಕೊಂಡರು. ಊಟವನ್ನೂ ನಿದ್ದೆಯನ್ನೂ ಬಿಟ್ಟು ಕಟ್ಟಿದ ನನ್ನ ಕಲೆ ಕಣ್ಣೆದುರೇ ಕಂಡಿಕೆ ಕಂಡಿಕೆಯಾಗಿ ಬುಟ್ಟಿ ಸೇರುತ್ತಿತ್ತು. ನನಗೆ ಮೈಯೆಲ್ಲ ಉರಿಯುತ್ತಿತ್ತು. ಮಾತಾಡುವಂತಿಲ್ಲ! ಹಲ್ಲು ಕಚ್ಚಿ ಕೂತೆ. ಒಂದೇ ಸಮಾಧಾನವೆಂದರೆ, ಕೆಲಸದಲ್ಲಿ ಮುಳುಗಿದ್ದ ಅವರಲ್ಲಿ ಒಬ್ಬರೂ ನಕ್ಕಿರಲಿಲ್ಲ.

ಆಗ ಲೊಕ್ಕನಹಳ್ಳಿಯಿಂದ ಮಾವ ಬಂದರು. ಅವ್ವನ ಅಣ್ಣ, ಕಾಡಂಚಿನಲ್ಲಿ ರಾಗಿ ಬೆಳೆದು, ರಾತ್ರಿಯೆಲ್ಲ ಹೊಲದ ಅಟ್ಟಣೆಯಲ್ಲಿ ಕೂತು ಕಾಡುಹಂದಿ ಕಾಯುವವರು. ಅವರೆಕಾಯಿ ಗಂಟು ಇಳಿಸಿ, ಇನ್ನೂ ಉಳಿದಿದ್ದ ಎಳೆಗಳನ್ನು ಪರೀಕ್ಷಿಸಿ ನೋಡಿದರು.

"ನಿಮ್ಮನೆಗೂ ಅಂದಿ ಬತ್ತವಾ?" ಎಂದು ಗಾಬರಿಯಿಂದ ಕೇಳಿದರು. "ಬರೀ ದಾರ ಕಟ್ಟುದ್ರೆ ಅಂದಿ ನಿಲ್ತದಾ? ಡಬ್ಬ ಕಟ್ಬೇಕು ಕಣವ್ವ" ಎಂದು ಅಡುಗೆಮನೆಗೆ ನುಗ್ಗಿದರು. ಬೇಳೆ ಡಬ್ಬ, ಕಾಫಿ ಡಬ್ಬ, ಎರಡು ಸೌಟು, ದೇವರ ಮುಂದಿನ ಗಂಟೆ, ಎಲ್ಲ ತಂದು ಎಳೆಗಳಿಗೆ ನೇತುಹಾಕುತ್ತ ಹೋದರು. ಆ ಕಡೆಯಿಂದ ಅಜ್ಜಿ ಬಿಚ್ಚುವುದು, ಈ ಕಡೆಯಿಂದ ಮಾವ ಕಟ್ಟುವುದು.

"ಡಬ್ಬ ಬಿಚ್ಲಾ!" ಅಂದರು ಅಜ್ಜಿ.

"ಅಂದಿ ಬಂದ್ರೆ ನೀನ್ ಓಡಿಸ್ತೀಯಾ?" ಅಂದರು ಮಾವ. ಅಜ್ಜಿ ಕನ್ನಡ ಬಿಟ್ಟು ತಮಿಳಿನಲ್ಲಿ ಬೈಯತೊಡಗಿದರು. ಅವರಿಗೆ ನಿಜವಾಗಿ ಕೋಪ ಬಂದರೆ ಹಾಗೆಯೇ. ಗೆದ್ದೆನೆಂದುಕೊಂಡ ಮಾವ ಜಗಲಿಗೆ ಹೋಗಿ ಬೀಡಿ ಹಚ್ಚಿದರು.

ಇಷ್ಟು ಗದ್ದಲವಾದರೂ ನಡುಮನೆಯಿಂದ ನಗುವಿನ ಸದ್ದು ಬರದಿದ್ದುದು ಅಪ್ಪನಿಗೇ ಸೋಜಿಗವಾಗಿರಬೇಕು. ಬಾಗಿಲಲ್ಲಿ ಬಂದು ನಿಂತರು. ಕಂಬದ ಬುಡದಲ್ಲಿ ಯಾರಿಗೂ ಕಾಣದ ಒಂದು ತುದಿ ಅವರಿಗೆ ಕಂಡುಬಿಟ್ಟಿತು. ತುದಿ ಕಂಡ ಮೇಲೆ ಅಪ್ಪ ಸುಮ್ಮನಿರುವ ಮನುಷ್ಯರಲ್ಲ. ಬಗ್ಗಿ ಅದಕ್ಕೆ ಕೈ ಚಾಚಿದರು. ಕಾಲು ಮಾವನ ದಾರಕ್ಕೆ ಸಿಕ್ಕಿತು. ಡಬ್ಬ, ಸೌಟು, ಗಂಟೆ ಎಲ್ಲ ಒಟ್ಟಿಗೆ ಹೊಡೆದುಕೊಂಡವು. ಕಾಫಿಪುಡಿ ಅಪ್ಪನ ತಲೆಯ ಮೇಲೆ ಸುರಿಯಿತು. ಜಗಲಿಯಲ್ಲಿದ್ದ ಮಾವ ಬೀಡಿ ಎಸೆದು, ಅಟ್ಟಣೆಯಲ್ಲಿ ಕೂಗುವ ಅಭ್ಯಾಸದಂತೆ ಬೀದಿಗೆಲ್ಲ ಕೇಳುವ ಹಾಗೆ ಕೂಗಿದರು: "ಬಂತೋ! ಅಂದಿ ಬಂತೋ!"

ಅಪ್ಪ ಕಾಫಿಪುಡಿ ಹೊತ್ತು, ಒಂಟಿಕಾಲಲ್ಲಿ ನಿಂತಿದ್ದರು. ಮೊದಲು ಅವರ ಹೊಟ್ಟೆ ಅಲುಗಿತು. ಆಮೇಲೆ ಭುಜ. ಆಮೇಲೆ ಬಾಯಿ ತೆರೆದು, ಕಣ್ಣಲ್ಲಿ ನೀರು ಬರುವ ತನಕ ನಕ್ಕರು. ಬೀದಿಯೆಲ್ಲ ನಕ್ಕಿತು. ಮುಖದ ಪೌಡರಿನ ಮೇಲೆ ಕಣ್ಣೀರು ಇಳಿಸಿಕೊಂಡು ಕೂತವಳು ನಾನೊಬ್ಬಳೇ. ಮೈಸೂರು ಕೈತಪ್ಪಿತೆಂದು ನನಗೆ ತಡೆಯಲಾಗಲಿಲ್ಲ.

"ನೀವೇ ನಕ್ಬುಟ್ರಲ್ಲಪ್ಪಾ! ಯಾರೂ ನಗ್ದಿದ್ರೆ ಮೈಸೂರು ಅಂದಿದ್ರಿ!" ಎಂದು ಚೀರಿದೆ.

ಅಪ್ಪ ತಟ್ಟನೆ ಬಾಯಿ ಮುಚ್ಚಿದರು. ಕಂಡಿಕೆ ಸುತ್ತುತ್ತಲೇ ಅಜ್ಜಿ ಕೇಳಿದರು: "ನಗ್ಬಾರ್ದು ಅಂದಿದ್ದು ಯಾರ್ಗೆ?"

"ಬೀದಿಯೋರ್ಗೆ" ಅಂದರು ಅಪ್ಪ.

"ಮೊದ್ಲು ನಕ್ಕಿದ್ದು ಮನೆಯೋನು. ನೀನ್ ನಕ್ಮೇಲೆ ನಾವ್ ಮೊಖ ಊದಿಸ್ಕಂಡ್ ಕೂರಕಾದದಾ? ಸುಮ್ನೆ ಕರ್ಕಂಡೋಗಿ ಸೇರ್ಸು" ಅಂದರು ಅಜ್ಜಿ. ಅಪ್ಪ ತಲೆಯ ಕಾಫಿಪುಡಿ ಕೊಡವಿಕೊಂಡರು. ಕಂಬದ ಬುಡದ ಆ ತುದಿಯನ್ನು ಬಿಡಿಸಿ ಅಜ್ಜಿಯ ಕೈಗಿತ್ತರು. ಮರುವಾರ ಮೈಸೂರಿನ ಬಸ್ಸಿನಲ್ಲಿ ನನ್ನ ಪಕ್ಕ ಕೂತಿದ್ದರು. ಅವ್ವ ಗೊಣಗುತ್ತಲೇ ಹನೂರಿನವರಿಗೆ ಬೇಡವೆಂದು ಹೇಳಿಕಳಿಸಿದಳು.

ಸಂದರ್ಶನದ ಕೋಣೆಯಲ್ಲಿ ಮೇಷ್ಟ್ರುಗಳು ಸಾಲಾಗಿ ಕೂತಿದ್ದರು. ಏನಾದರೂ ಮಾಡಿದ್ದೀಯಾ ಎಂದು ಕೇಳಿದರು. ನಾನು ಗಿಳಿ, ಹೂಜಿ, ಬಾಳೆಗೊನೆಯ ಚಿತ್ರಗಳನ್ನು ಬಿಚ್ಚಿದೆ. ಅವರು ಆಕಳಿಸುತ್ತ ತಿರುವಿಹಾಕಿದರು. ಹೊರಗೆ ನಿಲ್ಲಬೇಕಾಗಿದ್ದ ಅಪ್ಪ ಬಾಗಿಲಿಂದ ಒಳಕ್ಕೆ ಬಂದರು.

"ಅದಲ್ಲ ಸಾ. ನಮ್ ಬೀದಿಯೋರೆಲ್ಲ ಸೇರ್ಕಂಡು ಒಂದ್ ಆರ್ಟ್ ಮಾಡುದ್ವಿ ಸಾ" ಅಂದರು.

ಅಷ್ಟು ಉದ್ದದ ಮಾತು ಅವರ ಬಾಯಿಂದ ನಾನು ಕೇಳಿದ್ದು ಅಪರೂಪ. ಅವರು ಅಲ್ಲಿಗೇ ನಿಲ್ಲಿಸಲಿಲ್ಲ. ಕಂಬ ಎಲ್ಲಿತ್ತು, ಅಜ್ಜಿ ಹೇಗೆ ಕೂತಿದ್ದರು, ಡಬ್ಬ ಎಲ್ಲೆಲ್ಲಿ ತೂಗುತ್ತಿದ್ದವು, ಎಲ್ಲ ಕೈಯಲ್ಲಿ ತೋರಿಸಿದರು. ಕೊನೆಗೆ ಚಪ್ಪಲಿ ಬಿಟ್ಟು, ಒಂಟಿಕಾಲಲ್ಲಿ ನಿಂತು, "ಬಂತೋ! ಅಂದಿ ಬಂತೋ!" ಎಂದು ಕೂಗಿಯೂ ತೋರಿಸಿದರು. ಪಕ್ಕದ ತರಗತಿಗಳ ಹುಡುಗರು ಬಾಗಿಲಿಗೆ ಮುತ್ತಿಕೊಂಡರು. ಮೇಷ್ಟ್ರುಗಳು ಕುರ್ಚಿ ಬಿಟ್ಟೆದ್ದಿದ್ದರು. ಎಲ್ಲರೂ ಹೊಟ್ಟೆ ಹಿಡಿದು ನಗುತ್ತಿದ್ದರೂ ಅಪ್ಪನಿಗೆ ಒಂದಿಷ್ಟೂ ಬೇಜಾರಿರಲಿಲ್ಲ. ನನಗೆ ಹೊಟ್ಟೆಕಿಚ್ಚೂ ಆಯಿತು, ಎದೆಯೂ ಉಬ್ಬಿತು. ನನ್ನನ್ನು ಆಮೇಲೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಸೀಟು ಕೊಟ್ಟಿದ್ದು ನನಗೋ ಅಪ್ಪನಿಗೋ ಎಂಬ ಅನುಮಾನ ನನಗೆ ಇವತ್ತಿಗೂ ಹೋಗಿಲ್ಲ.