ತಂಪಣ್ಣನ ತುಂಬಿದ ಸಿಲಿಂಡರ್

ತಂಪಣ್ಣ ಎಂಬುದು ಅಪ್ಪ ಅಮ್ಮ ಇಟ್ಟ ಹೆಸರಲ್ಲ. ಮೂವತ್ತು ವರ್ಷ ಮನೆಮನೆಗೆ ಹೋಗಿ ಫ್ರಿಜ್ಜು, ಎ.ಸಿ. ರಿಪೇರಿ ಮಾಡಿದ್ದಕ್ಕೆ ಜನ ಕೊಟ್ಟ ಬಿರುದು. ಯಂತ್ರದೊಳಗಿನ ಹಳೆಯ ಗ್ಯಾಸನ್ನು ಅವನು ಗಾಳಿಗೆ ಬಿಡುವಾಗ ಉಸ್ಸೆಂದು ಸದ್ದು ಬರುತ್ತಿತ್ತು. ಅದು ಕೇಳಿಸಿದರೇನೇ ಗಿರಾಕಿಗಳಿಗೆ ಕೆಲಸ ಆಯಿತೆಂಬ ನೆಮ್ಮದಿ.

ಹೋದ ವರ್ಷ ಮೆಕ್ಯಾನಿಕ್‌ಗಳನ್ನೆಲ್ಲ ತರಬೇತಿಗೆ ಕರೆದರು. ಅಲ್ಲಿ ಅವನ ತಲೆ ಕೆಟ್ಟು ಕೆರ ಹಿಡಿಯಿತು. ಈ ಗ್ಯಾಸ್ ಒಂದು ಕಿಲೋ ಗಾಳಿಗೆ ಸೇರಿದರೆ, ಕಾರೊಂದು ಸಾವಿರಾರು ಕಿಲೋಮೀಟರ್ ಓಡಿದಷ್ಟು ಭೂಮಿ ಕಾಯುತ್ತದೆ ಎಂದರು ಅಲ್ಲಿನ ಮೇಷ್ಟ್ರು. ಹಾಗಾದರೆ ಇಷ್ಟು ವರ್ಷ ತಾನು ಹಂಚಿದ್ದು ತಂಪೋ ಬಿಸಿಯೋ? ಕಣ್ಣಿಗೇ ಕಾಣದ ತಪ್ಪಿಗೆ ಎಷ್ಟು ದುಃಖಪಡಬೇಕೆಂದೂ ಅವನಿಗೆ ತಿಳಿಯಲಿಲ್ಲ.

ಮೇಷ್ಟ್ರು ಒಂದು ಪುಟ್ಟ ಯಂತ್ರವನ್ನೂ ಖಾಲಿ ಸಿಲಿಂಡರನ್ನೂ ಕೊಟ್ಟರು. ಹಳೆಯ ಗ್ಯಾಸನ್ನು ಇದರೊಳಗೆ ಎಳೆದುಕೊಳ್ಳಬೇಕು, ತುಂಬಿದ ಮೇಲೆ ತಂದುಕೊಟ್ಟರೆ ಶುದ್ಧ ಮಾಡಿ ಮತ್ತೆ ಬಳಸುತ್ತಾರೆ. ಒಂದೇ ಒಂದು ತುಂಬಿದ ಸಿಲಿಂಡರನ್ನು ಮೇಷ್ಟ್ರ ಮುಂದಿಟ್ಟರೆ ಎದೆಯ ಭಾರ ಇಳಿದೀತು ಎಂದು ತಂಪಣ್ಣ ಆವತ್ತೇ ಮನಸ್ಸು ಮಾಡಿದ.

ಆದರೆ ಆ ಯಂತ್ರ ಗ್ಯಾಸನ್ನು ಸದ್ದಿಲ್ಲದೆ ನುಂಗುತ್ತಿತ್ತು. ಗಿರಾಕಿಗಳು ಹುಬ್ಬು ಗಂಟಿಕ್ಕಿದರು.

"ಉಸ್ ಅನ್ಲೇ ಇಲ್ವಲ್ಲ ತಂಪಣ್ಣ? ಹಳೇದನ್ನ ಒಳಗೇ ಬಿಟ್ಟು ನಮ್ಮ ಕಿವಿಗೆ ಹೂ ಇಡ್ತಿದೀಯಾ?"

ವಿವರಿಸಿ ವಿವರಿಸಿ ಬಾಯಿ ಒಣಗಿತೇ ಹೊರತು ಯಾರೂ ನಂಬಲಿಲ್ಲ. ನಾಲ್ಕು ಮನೆ ಕೈತಪ್ಪಿದ ಮೇಲೆ ಒಂದು ಉಪಾಯ ಹೊಳೆಯಿತು. ಪೈಪು ತೊಳೆಯಲೆಂದು ನೈಟ್ರೋಜನ್ ತುಂಬಿದ ಇನ್ನೊಂದು ಸಿಲಿಂಡರ್ ಸ್ಕೂಟರಿನಲ್ಲೇ ಇರುತ್ತಿತ್ತು. ನಾವು ಉಸಿರಾಡುವ ಗಾಳಿಯಲ್ಲಿ ಮುಕ್ಕಾಲು ಪಾಲು ಅದೇ. ಬಿಟ್ಟರೆ ಯಾರಿಗೂ ಕೇಡಿಲ್ಲ. ಕೆಲಸ ಮುಗಿದ ಮೇಲೆ ಅದನ್ನು ಒಂದು ಗಳಿಗೆ ತಿರುಗಿಸಿದರೆ ಉಸ್! ಗಿರಾಕಿಯ ಮುಖ ಅರಳುತ್ತಿತ್ತು.

ಇದು ಮೋಸವೋ ಅಲ್ಲವೋ ಎಂದು ಹೆಂಡತಿಯನ್ನೇ ಕೇಳಿದ.

"ಯಾರಿಗೂ ನಷ್ಟ ಇಲ್ವಲ್ಲ ರೀ, ಬಿಡಿ," ಎಂದಳು ಅವಳು. ಸ್ಕೂಟರಿನಲ್ಲಿ ಸಿಲಿಂಡರ್‌ಗಳೆರಡೂ ಲೊಟಲೊಟ ಬಡಿದಾಡುವುದು ಕೇಳಲಾರದೆ, ಹಳೆಯ ಪರದೆ ಕತ್ತರಿಸಿ ಎರಡಕ್ಕೂ ಕುತ್ತಿಗೆಯವರೆಗೆ ಬರುವ ಗವಸು ಹೊಲಿದಳು. ಎರಡರ ಮೇಲೂ ಅದೇ ನೀಲಿ ಹೂ.

ಎಂಟು ತಿಂಗಳಾದ ಮೇಲೆ, ನಿವೃತ್ತ ಹೆಡ್‌ಮಿಸ್ ಒಬ್ಬರ ಮನೆಯಲ್ಲಿ ಸಿಲಿಂಡರ್ ಕೊನೆಗೂ ತುಂಬಿತು. ತೂಕ ನೋಡಿ ತಂಪಣ್ಣ ಮಗುವಿನ ಹಾಗೆ ಹಿಗ್ಗಿದ. ನಾಳೆಯೇ ಮೇಷ್ಟ್ರ ಹತ್ತಿರ!

"ಸದ್ದೆಲ್ಲಪ್ಪ?" ಎಂದರು ಬಾಲ್ಕನಿಯ ಕುರ್ಚಿಯಲ್ಲಿ ಕೂತಿದ್ದ ಹೆಡ್‌ಮಿಸ್.

ಅವನು ಬಗ್ಗಿ ವಾಲ್ವ್ ತಿರುಗಿಸಿದ. ಉಸ್ಸ್ಸ್...

"ಇನ್ನೂ ಬಿಡು, ಪೂರ್ತಿ ಹೋಗ್ಲಿ."

ನಾಳೆ ಮೇಷ್ಟ್ರ ಮುಂದೆ ಏನು ಮಾತಾಡಲಿ ಎಂದು ಯೋಚಿಸುತ್ತ ಅವನು ಬಿಡುತ್ತಲೇ ಹೋದ. ಬೆರಳು ಜೋಮು ಹಿಡಿದಾಗ ಕೆಳಗೆ ನೋಡಿದ. ವಾಲ್ವಿನ ಸುತ್ತ ಬೆಳ್ಳಗೆ ಹಿಮ ಕಟ್ಟಿತ್ತು. ನೈಟ್ರೋಜನ್ ಹೀಗೆ ಹಿಮ ಕಟ್ಟುವುದಿಲ್ಲ, ಕಟ್ಟುವುದು ಫ್ರಿಜ್ಜು, ಎ.ಸಿ.ಗಳ ಗ್ಯಾಸು. ತಟ್ಟನೆ ವಾಲ್ವ್ ಮುಚ್ಚಿ ಸಿಲಿಂಡರ್ ಎತ್ತಿದ. ಅರ್ಧಕ್ಕರ್ಧ ಹಗುರ.

"ನೋಡು, ಕೆಲಸ ಅಂದ್ರೆ ಇದು," ಎಂದರು ಹೆಡ್‌ಮಿಸ್, ಸಂತೋಷದಿಂದ. "ಪಕ್ಕದ ಮನೆಯವರಿಗೂ ನಿನ್ನ ಹೆಸರೇ ಹೇಳ್ತೀನಿ."

ಅವನು ತಲೆಯಾಡಿಸಿ ಹೊರಟುಬಂದ.

ಮನೆಯ ಬಾಗಿಲಲ್ಲೇ ಹೆಂಡತಿ ಕೈ ಚಾಚಿದಳು. "ನಾಳೆ ಮೇಷ್ಟ್ರ ಹತ್ರ ತಗೊಂಡ್ ಹೋಗ್ಬೇಕಲ್ಲ, ಗವಸು ಬಿಚ್ಚಿಕೊಡಿ. ಎರಡನ್ನೂ ಒಗೆದು ಹಾಕ್ತೀನಿ."

ಬಿಚ್ಚಿದ. ನೈಟ್ರೋಜನ್ನಿನದು ಕಪ್ಪು, ಮೇಷ್ಟ್ರು ಕೊಟ್ಟದ್ದಕ್ಕೆ ಹಳದಿ ತಲೆ. ಕುರುಡನನ್ನು ಬಿಟ್ಟು ಯಾರಿಗಾದರೂ ಗೊತ್ತಾಗುವಂತಿತ್ತು.

"ಇನ್ಮೇಲೆ ಒಂದಕ್ಕೆ ಮಾತ್ರ ಹಾಕು," ಎಂದ.

"ಯಾಕ್ರೀ, ಚೆನ್ನಾಗಿ ಹೊಲಿದಿಲ್ವಾ?"

"ತುಂಬಾ ಚೆನ್ನಾಗಿ ಹೊಲಿದಿದೀಯ ಕಣೇ," ಎಂದ ತಂಪಣ್ಣ. ಅರ್ಧ ಖಾಲಿಯಾದ ಹಳದಿ ತಲೆಯ ಸಿಲಿಂಡರನ್ನು ಮತ್ತೆ ಸ್ಕೂಟರಿಗೆ ಕಟ್ಟಿದ.