ಸುಳ್ಳು ಹೇಳಿದ ಫೈಲು

ಆಸ್ಪತ್ರೆಯಲ್ಲಿ ಎಲ್ಲರೂ ಅವಳನ್ನು ಫೈಲಕ್ಕ ಎಂದೇ ಕರೆಯುತ್ತಿದ್ದರು. ಹೊಸಬರು ಕಾಗದದ ಕಟ್ಟು ಹುಡುಕಿಕೊಂಡು ಅವಳ ಕೋಣೆಗೆ ಬಂದು, ಅಲ್ಲಿ ಒಂದು ಚೂರು ಕಾಗದವೂ ಇಲ್ಲದ್ದು ಕಂಡು ತಬ್ಬಿಬ್ಬಾಗುತ್ತಿದ್ದರು. ಕೋಣೆ ಎನ್ನುವುದು ಮರ್ಯಾದೆಯ ಮಾತು, ಅದು ಮೆಟ್ಟಿಲ ಕೆಳಗಿನ ಸಂದು. ಮೇಲೆ ಯಾರಾದರೂ ಓಡಿದರೆ ಅವಳ ಮೇಜಿನ ಮೇಲೆ ಸುಣ್ಣ ಉದುರುತ್ತಿತ್ತು. ಅವಳು ಕಾಯುತ್ತಿದ್ದದ್ದು ಒಂದೇ ಒಂದು ಫೈಲನ್ನು, ಅದೂ ಕಂಪ್ಯೂಟರಿನ ಒಳಗಿನದು.

ವಾರ್ಡಿಗೊಂದು ಪ್ರೋಗ್ರಾಂ, ಲ್ಯಾಬಿಗೊಂದು, ಔಷಧಿ ಕೊಡುವಲ್ಲಿಗೊಂದು. ಬೇರೆ ಬೇರೆ ಕಾಲದಲ್ಲಿ ಬೇರೆ ಬೇರೆಯವರು ಬರೆದದ್ದರಿಂದ ಒಂದರ ಮಾತು ಇನ್ನೊಂದಕ್ಕೆ ತಿಳಿಯದು. ವಾರ್ಡು ಕೇಳಿದ್ದನ್ನು ಲ್ಯಾಬಿಗೆ ತಿಳಿಯುವಂತೆ ಹೇಳಿ, ಲ್ಯಾಬಿನ ಉತ್ತರವನ್ನು ವಾರ್ಡಿಗೆ ಮುಟ್ಟಿಸುವುದು ಈ ಫೈಲಿನ ಕೆಲಸ. ಪ್ರತಿ ಕಂಪ್ಯೂಟರಿನಲ್ಲೂ ಅದರ ಒಂದು ಪ್ರತಿ ಇರುತ್ತಿತ್ತು, ಎಲ್ಲ ಪ್ರೋಗ್ರಾಂಗಳೂ ಅದನ್ನೇ ಹಂಚಿಕೊಳ್ಳುತ್ತಿದ್ದವು.

ಈ ಕೆಲಸ ಅವಳಿಗೆ ಹೊಸದಲ್ಲ. ಮದುವೆಯಾಗಿ ಕಾಲಿಟ್ಟ ಮನೆಯಲ್ಲಿ ಅತ್ತೆ ಮಾವ ಮಾತು ಬಿಟ್ಟು ಎಷ್ಟೋ ವರ್ಷವಾಗಿತ್ತು. ಯಾತಕ್ಕೆ ಬಿಟ್ಟರೆಂಬುದು ಇಬ್ಬರಿಗೂ ಮರೆತುಹೋಗಿತ್ತು, ಹಠ ಮಾತ್ರ ಮರೆತಿರಲಿಲ್ಲ. "ನಿಮ್ಮ ಮಾವನಿಗೆ ಹೇಳು, ಕೊಡೆ ತಗೊಂಡು ಹೋಗ್ಲಿ" ಎಂದು ಅತ್ತೆ ಗೋಡೆಗೆ ಹೇಳುವರು. "ನಿಮ್ಮತ್ತೆಗೆ ಹೇಳು, ನನಗೆ ಕಣ್ಣಿದೆ" ಎಂದು ಮಾವ ಬಾಗಿಲಿಗೆ ಹೇಳುವರು. ನಡುವೆ ಸೊಸೆ. ಅತ್ತೆ ಮೊದಲ ವಾರವೇ ಅವಳನ್ನು ಕೂರಿಸಿಕೊಂಡು ಪಾಠ ಹೇಳಿದ್ದರು: "ಅವರು ಸಿಗ್ಲಿಲ್ಲ ಅಂದ್ರೆ ಸಿಗ್ಲಿಲ್ಲ ಅನ್ನು. ನಾನೇನೂ ನುಂಗಿಬಿಡಲ್ಲ. ಹೇಳ್ದೇನೇ ಹೇಳ್ದೆ ಅಂತ ಮಾತ್ರ ಅನ್ಬೇಡ ಕಣೆ."

ಫೈಲಕ್ಕ ತನ್ನ ಫೈಲಿಗೂ ಇದನ್ನೇ ಕಲಿಸಿದ್ದಳು. ಕೋರಿಕೆ ಆ ಕಡೆ ಮುಟ್ಟದಿದ್ದರೆ ಕೇಳಿದವರ ಪರದೆಯ ಮೇಲೆ ಕೆಂಪು ಚೌಕ ಬಂದು, "ತಲುಪಿಲ್ಲ" ಎಂದು ತೋರಿಸುತ್ತಿತ್ತು. ಆಗ ಜನ ಫೋನು ಮಾಡುತ್ತಿದ್ದರು, ಇಲ್ಲವೇ ಎದ್ದು ಹೋಗುತ್ತಿದ್ದರು.

ಆ ಕೆಂಪು ಆಡಳಿತಾಧಿಕಾರಿಯ ಕಣ್ಣಿಗೆ ಚುಚ್ಚುತ್ತಿತ್ತು. "ನೋಡಮ್ಮ, ಬಂದವರೆದುರಿಗೆ ಅಸಹ್ಯವಾಗಿ ಕಾಣ್ಸುತ್ತೆ. ಅದನ್ನ ತೆಗೆದುಬಿಡು" ಎಂದರು ಒಮ್ಮೆ. "ಚೌಕ ತೆಗೀಬಹುದು ಸಾರ್, ತೊಂದರೆ ಹೋಗಲ್ಲವಲ್ಲ" ಎಂದಳು. ಅವಳಿಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತಿತ್ತು. ಅಧಿಕಾರಿಗೂ ಅದು ಗೊತ್ತಿದ್ದುದರಿಂದ ಅವಳ ಹತ್ತಿರ ಮತ್ತೆ ಕೇಳಲಿಲ್ಲ. ಹೊಸ ಬಿಲ್ಲಿನ ಪ್ರೋಗ್ರಾಂ ಹಾಕಲು ಬಂದ ಗುತ್ತಿಗೆದಾರನ ಹತ್ತಿರ ಕೇಳಿದರು. ಅವನು ಯಾವಾಗಲೂ ನಗುತ್ತಿದ್ದ ಮನುಷ್ಯ. "ಅದಕ್ಕೇನು ಸಾರ್, ಆಗುತ್ತೆ" ಎಂದ.

ಈ ಗುತ್ತಿಗೆದಾರರದ್ದೊಂದು ಕೆಟ್ಟ ರೂಢಿ. ತಮ್ಮ ಪ್ರೋಗ್ರಾಂ ಹಾಕುವಾಗ ಅದೇ ಹೆಸರಿನ ಫೈಲು ಅಲ್ಲಿ ಮೊದಲೇ ಇದ್ದರೆ, ಯಾರದು, ಯಾರಿಗೆ ಬೇಕು ಎಂದು ಕೇಳುವುದಿಲ್ಲ, ತಮ್ಮದನ್ನು ಅದರ ಮೇಲೆ ಹಾಕಿ ಹೋಗುತ್ತಾರೆ. ಬಾಡಿಗೆಗೆ ಬಂದವನು ಮನೆಯೊಡೆಯನ ಬೀಗ ಬದಲಾಯಿಸಿದ ಹಾಗೆ! ಫೈಲಕ್ಕ ರಜೆಯಲ್ಲಿದ್ದ ದಿನ ಬೆಳಿಗ್ಗೆ ನಗುವಿನವನು ಬಂದು, ಎಲ್ಲ ಕಂಪ್ಯೂಟರಿಗೂ ತನ್ನ ಫೈಲು ತುಂಬಿ, ಕಾಫಿ ಕುಡಿದು ಹೋದ. ಅವನ ಫೈಲಿಗೆ ಲ್ಯಾಬಿನ ಹಳೆಯ ಪ್ರೋಗ್ರಾಮಿನ ಭಾಷೆ ಬರುತ್ತಿರಲಿಲ್ಲ. ಬಾರದಿದ್ದರೆ ಬಾರದು ಅನ್ನಬೇಕಲ್ಲ? ಇಲ್ಲ, ಅದು ಹಸಿರು ಅಕ್ಷರದಲ್ಲಿ "ತಲುಪಿದೆ" ಎನ್ನುತ್ತಿತ್ತು.

ಲ್ಯಾಬಿನಲ್ಲಿ ಅಂದು ಲ್ಯಾಬಣ್ಣ ಒಬ್ಬನೇ ಇದ್ದ. ತೆಳ್ಳನೆಯ ಆಳು, ಊಟದ ಡಬ್ಬಿಯನ್ನೂ ಪರದೆಯ ಎದುರಿಗೇ ತೆರೆಯುವವನು. "ಇವತ್ತೇನು ಊರೋರೆಲ್ಲ ಆರೋಗ್ಯವಾಗ್ಬಿಟ್ರಾ?" ಎಂದು ತಮಾಷೆ ಮಾಡುತ್ತ ಗಾಜಿನ ಕೊಳವೆ ಒರೆಸುತ್ತಿದ್ದ. ಆ ಹೊತ್ತಿಗೆ ಹೆರಿಗೆ ವಾರ್ಡಿನಲ್ಲಿ ಒಬ್ಬ ಬಾಣಂತಿಗೆ ರಕ್ತ ನಿಲ್ಲದೆ ಹೋಗುತ್ತಿತ್ತು. ಅವಳ ರಕ್ತದ ಮಾದರಿ ಹಿಂದಿನ ದಿನವೇ ಲ್ಯಾಬಿಗೆ ಬಂದಿತ್ತು. ರಕ್ತ ಹೊಂದಿಸಿ ಕೊಡಿ ಎಂದು ವಾರ್ಡಿನ ಸಿಸ್ಟರ್ ಕೋರಿಕೆ ಕಳಿಸಿದರು. ತಲುಪಿದೆ. ಮತ್ತೆ ಕಳಿಸಿದರು. ತಲುಪಿದೆ. ಕೊನೆಗೆ ತಡೆಯಲಾರದೆ ಚಪ್ಪಲಿಯನ್ನೂ ಮೆಟ್ಟದೆ ಲ್ಯಾಬಿಗೆ ಓಡಿದರು. ಬಾಣಂತಿ ಉಳಿದದ್ದು ಆ ಸಿಸ್ಟರ್ ಕಾಲಿನ ಪುಣ್ಯದಿಂದ.

ಸುದ್ದಿ ಕೇಳಿ ಫೈಲಕ್ಕ ರಜೆ ಬಿಟ್ಟು ಬಂದಳು. ನೋಡಿದರೆ ಹೆಸರು ಅದೇ, ಒಳಗಿನದು ಬೇರೆ. ತನ್ನದನ್ನು ಮತ್ತೆ ಹಾಕಿ, ಅವನದನ್ನು ಒಂದು ಕಡೆ ತೆಗೆದಿಟ್ಟಳು. ಅಧಿಕಾರಿಗೂ ಎಲ್ಲವನ್ನೂ ಬಿಡಿಸಿ ಹೇಳಿದಳು. ಅಷ್ಟಾದ ಮೇಲೂ ಮಾರನೆಯ ದಿನ ಅಮಾನತಾದವನು ಲ್ಯಾಬಣ್ಣ! ಕೋರಿಕೆ ತಲುಪಿದೆಯೆಂದು ಕಂಪ್ಯೂಟರೇ ಹೇಳುತ್ತಿದೆ, ಇವನು ನಿದ್ದೆ ಹೊಡೆದಿದ್ದಾನೆ ಎಂದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದರಂತೆ. ಬಾಣಂತಿಯ ಕಡೆಯವರು ಬೀದಿಯ ತುದಿಯಲ್ಲಿ ನಿಂತು ಅವನ ಹೆಂಡತಿಯನ್ನು ತಡೆದು, "ನಿನ್ನ ಗಂಡ ನಮ್ಮ ಮಗಳನ್ನ ಕೊಲ್ತಿದ್ದ" ಎಂದು ಮುಖಕ್ಕೇ ಹೇಳಿದರು. ಲ್ಯಾಬಣ್ಣ ಮನೆಯಿಂದ ಹೊರಗೆ ಬರುವುದನ್ನೇ ಬಿಟ್ಟ.

ಫೈಲಕ್ಕನ ಮೈಯೆಲ್ಲ ಉರಿದುಹೋಯಿತು. "ಸಾರ್, ನಾನು ಹೇಳಿದ್ದು ನಿಮ್ಮ ಕಿವಿಗೆ ಬಿತ್ತೋ ಇಲ್ವೋ?" ಎಂದು ಕೇಳಿದರೆ, ಅಧಿಕಾರಿ ದನಿ ತಗ್ಗಿಸಿ, "ದೊಡ್ಡ ಗುತ್ತಿಗೆ ಅಮ್ಮ. ವಿಚಾರಣೆಯಲ್ಲಿ ಫೈಲು ಗೀಲು ಅಂತ ಎತ್ಬೇಡ. ಲ್ಯಾಬಿನವನಿಗೊಂದು ಎಚ್ಚರಿಕೆ ಕೊಟ್ಟು ಕ್ಷಮಿಸಿಬಿಡೋಣ" ಎಂದರು. ಮಾಡದ ತಪ್ಪಿಗೆ ಕ್ಷಮೆ! ಎಂಥ ಧಾರಾಳ ಮನಸ್ಸು ಇವರದು, ತಮ್ಮ ಕೊಳೆಯನ್ನು ಇನ್ನೊಬ್ಬರ ಮೈಗೆ ಒರೆಸಿ, ಆಮೇಲೆ ಸ್ನಾನಕ್ಕೆ ನೀರೂ ಕೊಡುವವರು.

ವಿಚಾರಣೆ ಅಧಿಕಾರಿಯ ಕೋಣೆಯಲ್ಲೇ ನಡೆಯಿತು. ಹಿರಿಯ ಡಾಕ್ಟರಮ್ಮ, ಸಿಸ್ಟರ್, ನಗುವಿನ ಗುತ್ತಿಗೆದಾರ. ಮೂಲೆಯಲ್ಲಿ ಲ್ಯಾಬಣ್ಣ, ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಕೈ ಎಲ್ಲಿಡಬೇಕೆಂದು ತಿಳಿಯದೆ ನಿಂತಿದ್ದ. ಗುತ್ತಿಗೆದಾರ ಅಂದಿನ ದಾಖಲೆ ತೆಗೆದು ಎಲ್ಲರಿಗೂ "ತಲುಪಿದೆ" ಎಂಬ ಹಸಿರು ಅಕ್ಷರ ತೋರಿಸಿದ. ಫೈಲಕ್ಕ ಅಧಿಕಾರಿಯ ಕಂಪ್ಯೂಟರಿಗೆ ತಾನು ತೆಗೆದಿಟ್ಟಿದ್ದ ಅವನ ಫೈಲನ್ನು ಹಾಕಿ, "ಇದು ನಿಮ್ಮದೇ ತಾನೇ?" ಎಂದು ಕೇಳಿದಳು. ಅವನು ಹೌದೆಂದ. ಅವಳು ಬಗ್ಗಿ ಕಂಪ್ಯೂಟರಿನ ಹಿಂದಿನಿಂದ ನೆಟ್‌ವರ್ಕಿನ ತಂತಿ ಕಿತ್ತಳು.

"ಈಗ ಲ್ಯಾಬಿಗೆ ಒಂದು ಕೋರಿಕೆ ಕಳಿಸಿ ಸಾರ್."

"ತಂತೀನೇ ಇಲ್ವಲ್ಲಮ್ಮ."

"ಕಳಿಸಿ, ನೋಡೋಣ."

ಡಾಕ್ಟರಮ್ಮ ಮುಂದಕ್ಕೆ ಬಾಗಿ ನೋಡುತ್ತಿದ್ದರಿಂದ ಅಧಿಕಾರಿಗೆ ಬೇರೆ ದಾರಿ ಇರಲಿಲ್ಲ, ಗುಂಡಿ ಒತ್ತಿದರು. ಹಸಿರು ಅಕ್ಷರ ಬಂತು: ತಲುಪಿದೆ. ತಂತಿ ಫೈಲಕ್ಕನ ಕೈಯಲ್ಲೇ ತೂಗಾಡುತ್ತಿತ್ತು. ಗುತ್ತಿಗೆದಾರ ಮೊದಲ ಸಲ ನಗುವುದನ್ನು ನಿಲ್ಲಿಸಿದ. ಸಿಸ್ಟರ್ ಹಲ್ಲು ಕಚ್ಚಿ, "ಇದನ್ನ ನಂಬ್ಕೊಂಡು ಕೂತಿದ್ರೆ ಆ ಹುಡುಗಿ ಹೆಣ ಆಗ್ತಿದ್ಲು" ಎಂದರು.

ಅಧಿಕಾರಿ ಕೆಮ್ಮಿದರು. "ಆಯ್ತು, ಆಯ್ತು. ಏನೋ ಗೊಂದಲ ಆಗಿದೆ. ನೀನು ನಾಳೆಯಿಂದ ಕೆಲಸಕ್ಕೆ ಬಾರಪ್ಪ."

ಲ್ಯಾಬಣ್ಣ ಕದಲಲಿಲ್ಲ. "ಸಾರ್, ತಪ್ಪು ನನ್ನದಲ್ಲ ಅಂತ ಒಂದು ಮಾತು ಬರೆದು ಆಸ್ಪತ್ರೆ ಬಾಗಿಲಲ್ಲಿ ಹಾಕ್ಸಿ. ನನ್ನ ಹೆಂಡತಿ ಬೀದೀಲಿ ಓಡಾಡ್ಬೇಕು."

"ಬಾಯಲ್ಲಿ ಹೇಳಿದೀನಲ್ಲಪ್ಪ, ಎಲ್ಲರ ಎದುರಿಗೆ. ಊರಿಗೆಲ್ಲ ತಾನಾಗೇ ತಲುಪುತ್ತೆ ಬಿಡು."

ಫೈಲಕ್ಕ ಕೈಯಲ್ಲಿದ್ದ ತಂತಿಯನ್ನು ಅವರ ಮೇಜಿನ ಮೇಲೆ, ಪೆನ್ನಿನ ಪಕ್ಕಕ್ಕೆ ಇಟ್ಟಳು.

"ಈ ಫೈಲೂ ಹಾಗೇ ಹೇಳ್ತಿತ್ತು ಸಾರ್. ಬರೀರಿ."