ಕೆರೆ ಮೀನು ತೊಳೆದ ಹಾಗೆ

ಬೆಳಗ್ಗೆ ಬಾಗಿಲಿಗೆ ನೀರು ಹಾಕಿದ್ದು, ಹಾಸಿಗೆ ಬಿಸಿಲಿಗೆ ಹರವಿದ್ದು, ಒಡೆದಿಟ್ಟ ಕೊಬ್ಬರಿ ತಿರುಗಿಸಿ ಹಾಕಿದ್ದು, ಮಿಲ್ಲಿಗೆ ಹೋಗಿ ರಾಗಿ ಬೀಸಿಸಿಕೊಂಡು ಬಂದದ್ದು, ಬರುವಾಗ ಯಜಮಾನರ ಬಿ.ಪಿ. ಮಾತ್ರೆ ತಂದದ್ದು, ಸೋರುವ ನಲ್ಲಿಗೆ ಬಟ್ಟೆ ಕಟ್ಟಿದ್ದು. ಹನ್ನೊಂದು ಗಂಟೆಗೆ ಇಷ್ಟು ಮುಗಿಯಿತು. ಆಮೇಲೆ ಅಂಬಲಿ ಕಾಯಿಸೋಣವೆಂದು, ಇನ್ನೂ ಬಿಸಿ ಆರದ ಹಿಟ್ಟನ್ನು ಹುಳಿ ಮಜ್ಜಿಗೆಗೆ ಸುರಿದು ಕೈಯಿಂದ ಕಲಸಿದೆ. ಆ ವಾಸನೆ ಎದ್ದಿತು. ಹಸಿ ರಾಗಿ ಹಿಟ್ಟು, ಹುಳಿ ಮಜ್ಜಿಗೆ... ಮೂರನೆಯದು ಮೀನಿನ ವಾಸನೆ ಇರಬೇಕಿತ್ತು. ಅದೂ ಬಂದ ಹಾಗಾಗಿ, ಕೈ ಪಾತ್ರೆಯಲ್ಲೇ ಬಿಟ್ಟುಕೊಂಡು ಕೂತುಬಿಟ್ಟೆ.

ನಾನು ಮದುವೆಯಾಗಿ ಕುಣಿಗಲ್ಲಿಗೆ ಬಂದಾಗ ಎದುರುಮನೆಯಲ್ಲಿ ಒಬ್ಬ ಅಕ್ಕ ಇದ್ದಳು. ನನಗಿಂತ ಹತ್ತು ಹನ್ನೆರಡು ವರ್ಷ ದೊಡ್ಡವಳು. ಮಕ್ಕಳಿರಲಿಲ್ಲ. ಗಂಡ ಬಸ್ ಸ್ಟ್ಯಾಂಡಿನ ಹತ್ತಿರದ ಮಿಲಿಟರಿ ಹೋಟೆಲಿನಲ್ಲಿ ಅಡುಗೆಯವನಾಗಿದ್ದನಂತೆ. ನಾನು ಅವನನ್ನು ನೋಡಿದವಳಲ್ಲ. ನಾನು ಬರುವುದಕ್ಕೆ ಮೊದಲೇ, ಒಂದು ಮಳೆಗಾಲದ ಮಧ್ಯಾಹ್ನ, "ಕೆರೆ ಕೋಡಿ ಬಿದ್ದೈತಂತೆ, ನೋಡ್ಕಂಡ್ ಬತ್ತೀನಿ" ಅಂತ ಹೋದವನು ಮನೆಗೆ ಬಂದಿರಲಿಲ್ಲ. ಕೋಡಿಯ ನೀರಲ್ಲಿ ಹೋದ ಅಂತ ಊರು ಹೇಳಿತು. ಹೆಣ ಸಿಕ್ಕಿರಲಿಲ್ಲ. ಅಕ್ಕ ಮಾತ್ರ ನಂಬಲಿಲ್ಲ. ಅವನಿಗೆ ಈಜು ಬರ್ತಿತ್ತು ಕಣೇ ಅನ್ನುತ್ತಿದ್ದಳು, ಹಿಂದಿನ ದಿನ ಜಗಳವಾಗಿ ಇಬ್ಬರಿಗೂ ಮಾತು ಬಿಟ್ಟಿತ್ತು ಅಂತಲೂ.

ಮೀನು ತೊಳೆಯುವುದನ್ನು ನನಗೆ ಕಲಿಸಿದ್ದು ಅವಳೇ. ಕೆರೆ ಮೀನಿಗೆ ಕೆಸರು ವಾಸನೆ. ಅದು ಹೋಗಬೇಕಾದರೆ ಕಲ್ಲುಪ್ಪು ಹಾಕಿ ಉಜ್ಜಬೇಕು, ಆಮೇಲೆ ರಾಗಿ ಹಿಟ್ಟು, ಹುಳಿ ಮಜ್ಜಿಗೆ ಹಾಕಿ ಗಸಗಸ ತಿಕ್ಕಿ, ಕಾಲು ಗಂಟೆ ಬಿಟ್ಟು, ಮೂರು ನೀರಿನಲ್ಲಿ ತೊಳೆಯಬೇಕು. ಅದು ಅವಳ ಗಂಡನ ಪದ್ಧತಿ. ಆ ಸಾರು ತಿನ್ನಲು ತುಮಕೂರು ಕಡೆಯ ಲಾರಿಯವರೆಲ್ಲ ಅಲ್ಲಿ ಗಾಡಿ ನಿಲ್ಲಿಸುತ್ತಿದ್ದರಂತೆ.

ಅವಳ ಮೈದುನ ಅದೇ ಮನೆಯ ಇನ್ನೊಂದು ಭಾಗದಲ್ಲಿದ್ದ. ಒಳ್ಳೆಯವನು. ಅತ್ತಿಗೆಗೆ ಯಾವುದಕ್ಕೂ ಕಮ್ಮಿ ಮಾಡಿದವನಲ್ಲ. ಆದರೆ ಅಣ್ಣ ಹೋದ ಎಂಟನೇ ವರ್ಷ ಅವನು ಹಟ ಹಿಡಿದ.

"ಅತ್ತಿಗೆ, ಅಣ್ಣ ನೀರಲ್ಲೇ ಹೋಗವ್ನೆ. ಕರ್ಮ ಮಾಡ್ದೆ ಬುಟ್ರೆ ಅಲೀತಾ ಇರ್ತಾನೆ. ನಂಗೆ ಕನಸಲ್ಲಿ ಬತ್ತಾನೆ, ಮೈಯೆಲ್ಲ ಒದ್ದೆ. ಈ ಯುಗಾದಿ ಕಳೀತಿದ್ದಂಗೆ ಮುಗಿಸ್ಬುಡಾಣ."

ಅಕ್ಕ ನಮ್ಮ ಅಡುಗೆಮನೆಗೆ ಬಂದು ಗೋಡೆಗೆ ಒರಗಿ ಕೂತಳು. "ಕರ್ಮ ಅವನಿಗೆ ಕಣೇ, ಒಡೆಯೋದು ನನ್ನ ಬಳೆ" ಅಂದಳು. ಬೀದಿಯಲ್ಲಿ ಯಾರ ಮನೆಯ ಮದುವೆಯಾದರೂ ಅರಿಶಿನ ಕುಟ್ಟಲು ಮೊದಲು ಕರೆಯುತ್ತಿದ್ದುದು ಅವಳನ್ನು. ಹಾಡು ಅವಳದೇ, ಒನಕೆಗೆ ಮೊದಲ ಕೈ ಅವಳದೇ. ಬಳೆ ಒಡೆದ ಮೇಲೆ ಆ ಬಾಗಿಲುಗಳು ಅವಳಿಗೆ ಇಲ್ಲ. ಅಷ್ಟು ಬಿಟ್ಟರೆ ಅವಳ ಬದುಕಿನಲ್ಲಿ ಇನ್ನೇನಿತ್ತು ಅಂತ ಆಗ ನನಗೆ ಹೊಳೆಯಲಿಲ್ಲ...

ಹಿಂದೊಮ್ಮೆ ಒಬ್ಬ ಲಾರಿ ಡ್ರೈವರು, ಮಂಗಳೂರು ಬಂದರಿನ ಕಡೆ ಒಂದು ಮೀನು ಹೋಟೆಲಿನ ಹಿಂದೆ ಅವಳ ಗಂಡನನ್ನು ನೋಡಿದ ಹಾಗಾಯ್ತು ಅಂದಿದ್ದನಂತೆ. ಅದನ್ನು ಯಾರಿಗೂ ಹೇಳದೆ ಇಟ್ಟುಕೊಂಡಿದ್ದವಳು ಈಗ ನನಗೆ ಹೇಳಿದಳು. ಅದೇ ಸಮಯಕ್ಕೆ ತುಮಕೂರಿನಿಂದ ಹೆಂಗಸರ ಟೂರು ಹೊರಟಿತು. ಧರ್ಮಸ್ಥಳ, ಸುಬ್ರಹ್ಮಣ್ಯ, ಕೊನೆಯ ದಿನ ಮಂಗಳೂರು. ಅಕ್ಕ ಹೆಸರು ಕೊಟ್ಟಳು. ನನ್ನದನ್ನೂ ಕೊಟ್ಟಳು.

ಮಂಗಳೂರಿನಲ್ಲಿ ಟೂರಿನವರು ಎರಡು ಭಾಗ ಮಾಡಿದರು. ಮೀನು ಮುಟ್ಟದವರು ಛತ್ರದಲ್ಲಿ. ಮುಟ್ಟುವ ನಾವು ಏಳು ಜನ ಒಬ್ಬ ಗೈಡಿನ ಜೊತೆ ಕಾಲ್ನಡಿಗೆಯಲ್ಲಿ. ಗೈಡು ಹಂಚಿನ ಕಾರ್ಖಾನೆಯಲ್ಲಿ ಗುಮಾಸ್ತರಾಗಿದ್ದ ಮುದುಕರು, ಬಿಸಿಲಿಗೂ ಕೊಡೆ, ಬಗಲಲ್ಲಿ ಚೀಲ. ಒಂದು ಹಳೆಯ ಜಾಗ ತೋರಿಸುವುದು, ಆಮೇಲೆ ಒಂದು ಹೋಟೆಲಿಗೆ ನುಗ್ಗಿಸುವುದು, ಇದು ಅವರ ಕ್ರಮ.

"ಮೊದಲು ಕಲ್ಲು, ಆಮೇಲೆ ಮುಳ್ಳು. ಬರೇ ಕಲ್ಲು ತೋರಿಸಿದರೆ ನಿಮಗೆ ನಾಳೆ ನೆನಪಿರುವುದಿಲ್ಲ ಮಾರಾಯ್ರೆ" ಅಂದರು.

"ಮುಳ್ಳು ಗಂಟ್ಲಿಗೆ ಸಿಕ್ಕಾಕ್ಕೊಂಡ್ರೆ ಜನ್ಮಪೂರ್ತಿ ನೆನಪಿರ್ತದೆ ಬುಡಿ" ಅಂದರು ಗುಬ್ಬಿಯಿಂದ ಬಂದಿದ್ದ ಟೀಚರಮ್ಮ. ಎಲ್ಲರೂ ನಕ್ಕರು, ಅಕ್ಕನ ಹೊರತು.

ಸುಲ್ತಾನ್ ಬತ್ತೇರಿಯ ಕಪ್ಪು ಕಲ್ಲಿನ ಗೋಡೆಯಲ್ಲಿ ಫಿರಂಗಿಯ ಕಿಂಡಿ ತೋರಿಸಿ, ನದಿಯ ಮೇಲೆ ಶತ್ರು ಬಂದರೆ ಹೇಗೆ ಕಾಯುತ್ತಿದ್ದರೆಂದು ಹೇಳಿದರು. ಅಲ್ಲಿಂದ ಹೊರಟು ಮೊದಲ ಹೋಟೆಲಿನಲ್ಲಿ ಬಂಗುಡೆ ಸಾರು, ಕುಚ್ಚಲಕ್ಕಿ ಅನ್ನ. ಹಂಚಿನ ಕಾರ್ಖಾನೆಯ ಹೊಗೆ ಕೊಳವೆಗಳನ್ನು ನೋಡಿಕೊಂಡು ನಡೆದು ಎರಡನೆಯದರಲ್ಲಿ ಕಾಣೆ ಮೀನು ಹುರಿದದ್ದು, ನೀರುದೋಸೆ. ಎರಡೂ ಕಡೆ ಅಕ್ಕ ಮೀನಿನ ಒಂದು ಚೂರು ಮುರಿದು ನಾಲಿಗೆಗಿಟ್ಟು ತಟ್ಟೆಯನ್ನು ನನ್ನ ಕಡೆ ತಳ್ಳಿದಳು.

"ಯಾರನ್ನಾದ್ರೂ ಕೇಳಬಾರದೇನಕ್ಕ?" ಅಂದೆ ಮೆಲ್ಲಗೆ.

"ಯಾವ ಹೆಸರಲ್ಲಿ ಅವ್ನೋ ಏನೋ. ಹೆಸರು ಬದಲಾಯಿಸ್ಕೋಬೋದು ಕಣೇ, ಕೈ ಬದಲಾಯಿಸ್ಕೊಳ್ಳೋಕಾಗಲ್ಲ" ಅಂದಳು. ಅವಳು ಊರು ನೋಡಲು ಬಂದಿರಲಿಲ್ಲ. ನಾಲಿಗೆಯಿಂದ ಹುಡುಕುತ್ತಿದ್ದಳು.

ಮೂರನೆಯದು ಹಳೆ ಬಂದರಿನ ಹಿಂದಿನ ಓಣಿ. ಅರಬ್ಬರು, ಪೋರ್ಚುಗೀಸರು, ಮೆಣಸಿನ ಗೋದಾಮು ಎಂದೆಲ್ಲ ಹೇಳುತ್ತಾ ಗೈಡು ಒಂದು ತಗ್ಗು ಸೂರಿನ ಹೋಟೆಲಿಗೆ ಕರೆದುಕೊಂಡು ಹೋದರು. ತಾವು ಯಾವಾಗಲೂ ಹೋಗುವ ಹೋಟೆಲಿಗೆ ಆ ದಿನ ಬಾಗಿಲು ಹಾಕಿತ್ತೆಂದು ಇಲ್ಲಿಗೆ ಬಂದದ್ದು. ಒಂದು ತುತ್ತು ಬಾಯಿಗಿಟ್ಟು ಮುಖ ಕಿವುಚಿದರು.

"ಇದೆಂಥದು ಮಾರಾಯ್ರೆ! ಮೀನನ್ನು ಸೋಪು ಹಾಕಿ ತೊಳೆದಿದ್ದಾರಾ? ಇದರಲ್ಲಿ ಸಮುದ್ರವೇ ಇಲ್ಲ."

ಅಕ್ಕನ ತಟ್ಟೆ ಈ ಸಲ ನನ್ನ ಕಡೆ ಬರಲಿಲ್ಲ. ತಲೆ ಬಗ್ಗಿಸಿ ತಿನ್ನುತ್ತಿದ್ದಳು. ಮೀನು, ಸಾರು, ತಟ್ಟೆಯ ಅಂಚಿನ ಕೊನೆಯ ಅನ್ನದ ಅಗುಳು. ಎಡಗೈಯಲ್ಲಿ ನನ್ನ ಸೆರಗು ಹಿಡಿದಿದ್ದಳು. ಕೈ ತೊಳೆಯುವ ನೆವದಲ್ಲಿ ಎದ್ದು ಹಿಂದಿನ ಅಡುಗೆಮನೆಗೆ ಹೋದಳು. ನಾನೂ ಹೋದೆ.

ಅಲ್ಲಿ ಗಂಡಸರು ಯಾರೂ ಇರಲಿಲ್ಲ. ಒಬ್ಬ ಹೆಂಗಸು ನೆಲದಲ್ಲಿ ಕೂತು, ಬಂಗುಡೆಗೆ ರಾಗಿ ಹಿಟ್ಟು ಮಜ್ಜಿಗೆ ಹಾಕಿ ಗಸಗಸ ತಿಕ್ಕುತ್ತಿದ್ದಳು. ನನ್ನ ವಯಸ್ಸಿನವಳೇ ಇರಬೇಕು. ಮೊಣಕೈವರೆಗೆ ಹಿಟ್ಟು. ಮಣಿಕಟ್ಟು ಬರಿದು. ಹಣೆಯೂ ಬರಿದು.

"ಹಿಂಗೆ ತೊಳೆಯೋದು ಯಾರಮ್ಮ ಹೇಳ್ಕೊಟ್ಟಿದ್ದು?" ಅಕ್ಕನ ದನಿ ಅವಳದಾಗಿರಲಿಲ್ಲ.

"ನಮ್ಮವರು. ಘಟ್ಟದ ಮೇಲಿನವರು ಅವರು. ಕೆಸರು ವಾಸನೆ ಅಂತ ಹೇಳ್ತಿದ್ದರು. ಸಮುದ್ರದ ಮೀನಿಗೆ ಕೆಸರು ಎಲ್ಲಿಂದ ಅಂತ ನಾನು ನಗಾಡ್ತಿದ್ದೆ. ಕೇಳ್ಬೇಕಲ್ಲ! ಹೋದ ಮಳೆಗಾಲದಲ್ಲಿ ಜ್ವರ ಬಂದು ನಾಲ್ಕು ದಿನದಲ್ಲಿ ತೀರಿಕೊಂಡರು. ಈಗ ಗಿರಾಕಿಗಳು ಬೈತಾರೆ, ಆದ್ರೂ ಬೇರೆ ಥರ ತೊಳೀಲಿಕ್ಕೆ ಕೈ ಬರುವುದಿಲ್ಲ." ತಲೆಯೆತ್ತಿ ನೋಡಿದಳು. "ನೀವು ಅವರ ಊರಿನವರಾ?"

"ಹೂಂ. ಊರಿನೋಳು."

"ಅಲ್ಲಿ ಅವರಿಗೆ ಯಾರಾದರೂ ಇದ್ದಾರಾ? ಯಾರೂ ಇಲ್ಲ ಅಂತಲೇ ಹೇಳ್ತಿದ್ದರು. ಅವರ ಕಡೆಯವರು ಇಲ್ಲದೆ ಕ್ರಿಯೆಕರ್ಮ ಒಂದೂ ಆಗಲಿಲ್ಲ. ಯಾರಾದರೂ ಇದ್ದರೆ ದಯಮಾಡಿ ಹೇಳಿ ಅಮ್ಮ. ಅದೊಂದು ಮಾಡಿಸಿ." ಹಿಟ್ಟಿನ ಕೈಯನ್ನೇ ಮುಗಿದಳು.

ಅಕ್ಕ ಅವಳ ಬರಿ ಮಣಿಕಟ್ಟನ್ನೇ ನೋಡುತ್ತಿದ್ದಳು. ಆಮೇಲೆ ತನ್ನ ಕೈಗಳನ್ನು ಸೆರಗಿನೊಳಕ್ಕೆ ತೆಗೆದುಕೊಂಡಳು, ಬಳೆ ಸದ್ದಾಗದ ಹಾಗೆ.

"ಯಾರೂ ಇಲ್ಲ" ಅಂದಳು.

ವಾಪಸು ಬರುವಾಗ ಶಿರಾಡಿ ಘಾಟಿಯಲ್ಲಿ ಬಸ್ಸು ಹತ್ತುತ್ತಿತ್ತು. ಹಿಂದೆ ಟೀಚರಮ್ಮ ಎಲ್ಲರ ಕೈಯಲ್ಲೂ ಹಾಡು ಹೇಳಿಸುತ್ತಿದ್ದರು. ಅಕ್ಕ ನನ್ನ ಕಿವಿಯ ಹತ್ತಿರ ಬಂದು ಹೇಳಿದಳು. "ನೋಡಿದ್ವಿ. ಬದುಕವ್ನೆ. ಬರಲ್ಲ ಅಂದ. ಇಷ್ಟೇ. ನೀನೂ ಇಷ್ಟೇ ಹೇಳ್ಬೇಕು."

"ಅಕ್ಕಾ, ಆಯಮ್ಮ ಕೈ ಮುಗಿದು ಕೇಳಿದ್ಲಲ್ಲ..."

"ಅವಳು ಹೆಂಡ್ತಿನ ಕೇಳ್ಲಿಲ್ಲ. ಊರೋಳನ್ನ ಕೇಳಿದ್ಲು." ಆಮೇಲೆ ಸಕಲೇಶಪುರ ಬರುವವರೆಗೂ ಕಿಟಕಿಯ ಸರಳಿಗೆ ಹಣೆ ಕೊಟ್ಟು ಕೂತಿದ್ದಳು. ಅಳಲಿಲ್ಲ. ಅತ್ತರೆ ಗೊತ್ತಾಗಿಬಿಡುತ್ತಲ್ಲ.

ಮಾರನೆಯ ದಿನ ಮೈದುನ ನಮ್ಮ ಬಾಗಿಲಿಗೆ ಬಂದ. "ನೀನೂ ನೋಡ್ದ್ಯಾ ಅವ್ವ? ಹೆಂಗವ್ನೆ ಅಣ್ಣ?"

ನಾನು ಜನ್ಮದಲ್ಲಿ ನೋಡದ ಮನುಷ್ಯ. ಎದುರಿಗಿದ್ದ ಮುಖವನ್ನೇ ನೋಡಿ ಹೇಳಿದೆ. "ನಿಮ್ಮ ಹಂಗೇ ಮೂಗು. ಒಂಚೂರು ಸಣ್ಣಗಾಗವ್ರೆ."

ಅವನು ಟವಲನ್ನು ಬಾಯಿಗೆ ಒತ್ತಿಕೊಂಡು ಅತ್ತ. "ಬರ್ದಿದ್ರೆ ಬ್ಯಾಡ ಬುಡವ್ವ. ಬದುಕವ್ನಲ್ಲ, ಅಷ್ಟು ಸಾಕು." ಮತ್ತೆ ಅವನಿಗೆ ಒದ್ದೆ ಮೈಯ ಕನಸು ಬೀಳಲಿಲ್ಲವಂತೆ. ಅದನ್ನು ಸಂತೋಷವಾಗಿ ಬಂದು ಹೇಳಿದ ದಿನ ನನಗೆ ಊಟ ಸೇರಲಿಲ್ಲ.

ಅಕ್ಕ ಬಳೆ ಹಾಕಿಕೊಂಡೇ ಇದ್ದಳು, ಅರಿಶಿನ ಕುಟ್ಟಿದಳು. ಹಾಡು ಮಾತ್ರ ಬೇರೆಯವರ ಪಾಲಾಯಿತು, ಗಂಟಲು ಕಟ್ಟಿದೆ ಅನ್ನುತ್ತಿದ್ದಳು. ಆ ವರ್ಷದ ಮಹಾಲಯ ಅಮಾವಾಸ್ಯೆಗೆ ನಮ್ಮ ಹಿತ್ತಲ ಬಾಗಿಲಿಗೆ ಬಂದಳು. "ನಿಮ್ಮನೇಲಿ ಹಿರೀಕರಿಗೆ ಎಡೆ ಇಡ್ತೀರಲ್ಲ, ಒಂದು ಎಲೆ ಜಾಸ್ತಿ ಹಾಕ್ತೀಯೇನೇ? ನಮ್ಮನೇಲಿ ಮೈದುನ ಎಲೆ ಎಣಿಸ್ತಾನೆ." ಹಾಕಿದೆ. ದೂರ ನಿಂತು ನೋಡಿದಳು. "ತಲುಪುತ್ತೇನೇ ಅವನಿಗೆ?" ಅಂದಳು. "ತಲುಪುತ್ತೆ ಅಕ್ಕ" ಅಂದೆ. ನನಗೇನು ಗೊತ್ತಿತ್ತು... ಅವಳು ಇರುವ ತನಕ ಪ್ರತಿ ವರ್ಷ ಅದೇ ಎಲೆ, ಅದೇ ಪ್ರಶ್ನೆ.

ಎಂಬತ್ತರ ದಶಕ ಮುಗಿಯುವ ಹೊತ್ತಿಗೆ ಅಕ್ಕ ಹೋದಳು. ಹಸಿರು ಬಳೆ, ಕಾಸಿನಗಲ ಕುಂಕುಮ, ಮುಡಿ ತುಂಬ ಹೂವು. ಮುತ್ತೈದೆ ಸಾವು, ಪುಣ್ಯವಂತೆ ಅಂತ ಬೀದಿಯ ಹೆಂಗಸರು ಅವಳ ಮುಡಿಯಿಂದ ಒಂದೊಂದು ಹೂವು ಬೇಡಿ ತೆಗೆದುಕೊಂಡರು. ನನಗೂ ಒಂದು ಕೊಟ್ಟರು. ಮೈದುನ ಗುಂಪಿನಿಂದ ನನ್ನನ್ನು ಪಕ್ಕಕ್ಕೆ ಕರೆದ. "ಅವ್ವ, ಅಣ್ಣಂಗೆ ತಂತಿ ಕೊಡ್ಬೇಕು. ಆ ಹೋಟ್ಲು ಹೆಸರೇನು?"

"ಮರ್ತೋಗೈತೆ" ಅಂದೆ.

ಎಷ್ಟು ವರ್ಷವಾಯಿತು! ಆ ಮೈದುನನಿಗೆ ಈಗ ಎಪ್ಪತ್ತರ ಹತ್ತಿರ, ಹೆಂಡತಿ ತೀರಿಕೊಂಡ ಮೇಲೆ ಮಧ್ಯಾಹ್ನದ ಊಟಕ್ಕೆ ಎಷ್ಟೋ ದಿನ ನಮ್ಮಲ್ಲಿಗೇ ಬರುತ್ತಾನೆ. ಇವತ್ತೂ ಬಂದ. ಮುದ್ದೆ, ಹುರುಳಿಕಾಳಿನ ಬಸ್ಸಾರು, ಒಂದು ಹಸಿ ಈರುಳ್ಳಿ. ಎರಡನೇ ಸಲ ಸಾರು ಬಡಿಸುವಾಗ ಹೇಳಿಬಿಡಬೇಕೆಂದು ಬಾಯಿಗೆ ಬಂದಿತ್ತು. ಅವನೇ ಮೊದಲು ಕೇಳಿದ. "ಆ ಹೋಟ್ಲು ಹೆಸರು ನೆಪ್ಪಾಯ್ತಾ ಅವ್ವ?"

"ಇಲ್ಲ."

"ಇರ್ಲಿ ಬುಡು. ಅವ್ನಿಗೂ ವಯಸ್ಸಾಗಿರ್ತದೆ. ನಾನು ಹೋದಾಗಾದ್ರೂ ಯಾರಾದ್ರೂ ಹೇಳಿದ್ರೆ ಬಂದಾನು."

ಉಂಡು, ಜಗಲಿಯಲ್ಲಿ ಟವಲು ಹಾಸಿಕೊಂಡ. ಯಜಮಾನರು ಒಳಗೆ ಪೇಪರು ಓದುತ್ತಿದ್ದರು. ಮೊದಲು ನಿದ್ದೆ ಹೋದದ್ದು ಅವನೇ, ಒದ್ದೆ ಮೈಯ ಕನಸಿಲ್ಲದ ನಿದ್ದೆ.